ಜಾಮೀನುದಾರರ ಆಸ್ತಿ ಜಪ್ತಿ: ಅಸೂಟಿ ಗ್ರಾಮಸ್ಥರ ಮನವಿ ಪತ್ರ

ಮಾನ್ಯ ಜಿಲ್ಲಾಧಿಕಾರಿಗಳು ಹಾಗೂ ಜಿಲ್ಲಾ ದಂಡಾಧಿಕಾರಿಗಳು, ಗದಗ ಇವರಿಗೆ
(ರೋಣ ತಹಶೀಲ್ದಾರರ ಮುಖಾಂತರ)

ವಿಷಯ: ಸರ್ಫೇಸಿ ಕಾಯ್ದೆಯಡಿ ಜಾಮೀನುದಾರರ ಮನೆ, ಹೊಲ ವಶಪಡಿಸಿಕೊಳ್ಳುವ ಮೊದಲು ಪರಿಶೀಲನೆ ನಡೆಸುವ ಕುರಿತು.

ಇನ್ನೊಬ್ಬರ ಸಾಲ ತೀರದಿದ್ದರೆ ತಾನು ತೀರಿಸುವೆನೆಂದು ಬ್ಯಾಂಕಿಗೆ ಬರೆದುಕೊಟ್ಟವನು ಜಾಮೀನುದಾರ. 1872ರ ಭಾರತೀಯ ಕರಾರು ಕಾಯ್ದೆಯ 128ನೇ ಕಲಮಿನಂತೆ, ಕರಾರಿನಲ್ಲಿ ಬೇರೆ ಷರತ್ತು ಇಲ್ಲದಿದ್ದರೆ, ಅವನ ಹೊಣೆ ಸಾಲಗಾರನ ಹೊಣೆಯಷ್ಟೇ ಇರುತ್ತದೆ. ಮೊದಲು ಸಾಲಗಾರನಿಂದ ವಸೂಲಿ ಮಾಡಿ ಎಂದು ಪಟ್ಟು ಹಿಡಿಯುವ ಹಕ್ಕು ಅವನಿಗಿಲ್ಲ. ಅಸೂಟಿಯಂಥ ಊರಲ್ಲಿ ಬೀಗರೋ ಬದುವಿನಾಚೆಯ ಹೊಲದವರೋ ಕೇಳಿದಾಗ ಒಲ್ಲೆ ಅನ್ನಲಾಗದೆ ಈ ಸಹಿ ಬೀಳುತ್ತದೆ. 1905ರಲ್ಲಿ ಕಣಗಿನಹಾಳದಲ್ಲಿ ಕೃಷಿ ಪತ್ತಿನ ಸಹಕಾರ ಸಂಘ ಕಟ್ಟಿದ ಜಿಲ್ಲೆ ಇದು. ಒಬ್ಬರಿಗೊಬ್ಬರು ಹೊಣೆ ನಿಲ್ಲುವುದು ಇಲ್ಲಿಯ ಹಳೆಯ ರೂಢಿ.

ಜಾಮೀನಿನಲ್ಲಿ ಎರಡು ಬಗೆ. ಬರೀ ಸಹಿ ಹಾಕಿದವರದು ಒಂದು, ಉತಾರ ಅಥವಾ ಮನೆಯ ಪತ್ರ ಕೊಟ್ಟು ಅಡಮಾನ ಮಾಡಿದವರದು ಇನ್ನೊಂದು. 2002ರ ಸರ್ಫೇಸಿ ಕಾಯ್ದೆಯಡಿ ಕೋರ್ಟಿಗೆ ಹೋಗದೆ ಬ್ಯಾಂಕ್ ವಶಕ್ಕೆ ಪಡೆಯಬಹುದಾದದ್ದು ಎರಡನೆಯವರು ಅಡಮಾನವಿಟ್ಟ ಆಸ್ತಿಯನ್ನು ಮಾತ್ರ. ಬರೀ ಸಹಿ ಹಾಕಿದವರ ಮೇಲೆ ದಾವೆ ಹೂಡಿಯೇ ವಸೂಲಿ ಮಾಡಬೇಕು. ಈ ವ್ಯತ್ಯಾಸ ತಿಳಿಯದೆ ನೋಟಿಸು ಕಂಡ ಕೂಡಲೇ ದನಕರು ಮಾರಿ ಹಣ ಕಟ್ಟಲು ಓಡುವ ಕುಟುಂಬಗಳಿಗೆ ತಿಳಿಹೇಳುವವರು ಊರಲ್ಲಿ ಸಿಗುವುದಿಲ್ಲ.

ಸರ್ಫೇಸಿ ಕಾಯ್ದೆ 'ಸಾಲಗಾರ' ಎಂಬ ಪದದೊಳಗೆ ಜಾಮೀನುದಾರನನ್ನೂ ಸೇರಿಸಿದೆ. ಹೊಣೆಗೆ ಅವನು ಸಾಲಗಾರನಾದರೆ ಹಕ್ಕಿಗೂ ಸಾಲಗಾರನೇ. 60 ದಿನಗಳೊಳಗೆ ಬಾಕಿ ಕಟ್ಟಲು ಹೇಳುವ ನೋಟಿಸು ಅವನಿಗೂ ಸಲ್ಲಬೇಕು. ಅವನು ಆಕ್ಷೇಪಣೆ ಕೊಟ್ಟರೆ 15 ದಿನಗಳೊಳಗೆ ಬ್ಯಾಂಕ್ ಕಾರಣಸಹಿತ ಉತ್ತರ ನೀಡಬೇಕು. ವಶಪಡಿಸಿಕೊಂಡ ಮೇಲೆ 45 ದಿನಗಳೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಅರ್ಜಿ ಹಾಕಬಹುದು; ಆದರೆ ಅದು ಇರುವುದು ಬೆಂಗಳೂರಿನಲ್ಲಿ. ಪೂರ್ತಿ ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳಲು 2016ರ ತಿದ್ದುಪಡಿಯ ನಂತರ ಹರಾಜು ಪ್ರಕಟಣೆ ಹೊರಬೀಳುವವರೆಗೆ ಮಾತ್ರ ಅವಕಾಶ. ದಿನಗಳು ಇಷ್ಟು ಬಿಗಿಯಾಗಿರುವಾಗ ತಿಳಿಯದ ಭಾಷೆಯ ನೋಟಿಸು ಬಂದೂ ಬಾರದಂತೆಯೇ.

ಕೃಷಿ ಭೂಮಿಯ ವಿಚಾರ ಇನ್ನೂ ಗಂಭೀರ. ಕಾಯ್ದೆಯ 31ನೇ ಕಲಂ ಕೃಷಿ ಭೂಮಿಯನ್ನು ಈ ಕ್ರಮದಿಂದ ಹೊರಗಿಟ್ಟಿದೆ. ಆದರೆ ದಾಖಲೆಯಲ್ಲಿ ಕೃಷಿ ಎಂದಿದ್ದರೆ ಸಾಲದು, ನಿಜವಾಗಿ ಬೇಸಾಯ ನಡೆಯುತ್ತಿರಬೇಕೆಂದು ಸುಪ್ರೀಂ ಕೋರ್ಟ್ 2023ರಲ್ಲಿ ಹೇಳಿದೆ. ರೋಣ ಭಾಗದ ಎರಿ ಹೊಲದಲ್ಲಿ ಮುಂಗಾರಿಗೆ ಹೆಸರು, ಹಿಂಗಾರಿಗೆ ಕಡಲೆ, ಬಿಳಿಜೋಳ ಬೆಳೆಯುತ್ತಾರೆ; ಸುಗ್ಗಿ ಮುಗಿದು ಮಳೆ ಬರುವವರೆಗೆ ಒಣಬೇಸಾಯದ ಹೊಲ ಬರಿದೇ ಇರುತ್ತದೆ. ಬೇಸಿಗೆಯಲ್ಲಿ ತೆಗೆದ ಫೋಟೋ ನೋಡಿ ಬೇಸಾಯವಿಲ್ಲವೆಂದು ತೀರ್ಮಾನಿಸಿದರೆ ಅದು ಅನ್ಯಾಯ.

14ನೇ ಕಲಮಿನಡಿ ಆಸ್ತಿ ವಶಕ್ಕೆ ನೆರವು ಕೋರಿ ಬ್ಯಾಂಕ್ ಜಿಲ್ಲಾ ದಂಡಾಧಿಕಾರಿಗಳ ಬಳಿ ಬಂದಾಗ ಪ್ರಮಾಣಪತ್ರ ಸಲ್ಲಿಸಬೇಕು. ನೋಟಿಸು ಕೊಟ್ಟದ್ದು, ಆಕ್ಷೇಪಣೆಗೆ ಉತ್ತರಿಸಿದ್ದು ಅದರಲ್ಲಿರಬೇಕು. ಸಾಲದ ವ್ಯಾಜ್ಯ ತೀರ್ಮಾನಿಸುವ ಅಧಿಕಾರ ದಂಡಾಧಿಕಾರಿಗಳಿಗಿಲ್ಲ, ನಿಜ. ಆದರೆ ಪ್ರಮಾಣಪತ್ರ ಸರಿಯಿದೆಯೆಂದು ಮನದಟ್ಟಾದ ಮೇಲೆಯೇ ಆದೇಶ ಮಾಡಬೇಕೆಂದು ಕಾಯ್ದೆಯೇ ಹೇಳುತ್ತದೆ.

ಆದ್ದರಿಂದ ಇಂಥ ಪ್ರತಿ ಅರ್ಜಿಯಲ್ಲಿ ಜಾಮೀನುದಾರನಿಗೆ ಪ್ರತ್ಯೇಕ ನೋಟಿಸು ಮುಟ್ಟಿದ ದಾಖಲೆ ಪರಿಶೀಲಿಸಬೇಕು. ಹೊಲವಿದ್ದರೆ ಹಿಂದಿನ ಹಂಗಾಮುಗಳ ಬೆಳೆ ಸಮೀಕ್ಷೆ ಸಹಿತ ತಹಶೀಲ್ದಾರರ ವರದಿ ತರಿಸಬೇಕು. ನೋಟಿಸಿನ ಜೊತೆ ಕನ್ನಡ ಪ್ರತಿ ಕೊಡುವಂತೆಯೂ, ಒಂದೇ ಕಂತಿನ ಇತ್ಯರ್ಥದ ಅವಕಾಶವನ್ನು ಜಾಮೀನುದಾರನಿಗೂ ತಿಳಿಸುವಂತೆಯೂ ಅಗ್ರಣಿ ಬ್ಯಾಂಕಿನ ಮೂಲಕ ಎಲ್ಲ ಶಾಖೆಗಳಿಗೆ ಸೂಚಿಸಬೇಕು. ಸಾಲಗಾರನ ಆಸ್ತಿಯೂ ಅಡಮಾನದಲ್ಲಿದ್ದರೆ ಅದನ್ನೇ ಮೊದಲು ಹರಾಜಿಗಿಡಬೇಕೆಂದು ಕಾನೂನು ಕಟ್ಟುಪಾಡು ಮಾಡಿಲ್ಲ. ಆದರೂ ಬ್ಯಾಂಕುಗಳ ಸಭೆಯಲ್ಲಿ ಜಿಲ್ಲಾಡಳಿತ ಹಾಗೆ ಸಲಹೆ ನೀಡಬಹುದು. ಜಾಮೀನುದಾರನೇ ಪೂರ್ತಿ ಸಾಲ ತೀರಿಸಿದರೆ, ಕರಾರು ಕಾಯ್ದೆಯ 140 ಮತ್ತು 141ನೇ ಕಲಮುಗಳಂತೆ ಸಾಲಗಾರನ ಮೇಲೆ ಬ್ಯಾಂಕಿಗಿದ್ದ ಹಕ್ಕು, ಭದ್ರತೆಗಳು ಅವನಿಗೆ ಸಲ್ಲುತ್ತವೆ; ಆ ದಾಖಲೆಗಳನ್ನು ತಡಮಾಡದೆ ಕೊಡಿಸಬೇಕು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ನೆರವಿನಿಂದ ಅಸೂಟಿಯಲ್ಲಿ ಶಿಬಿರ ನಡೆಸಿ, ಆಕ್ಷೇಪಣೆ ಮತ್ತು ನ್ಯಾಯಮಂಡಳಿಯ ಅರ್ಜಿ ಬರೆಸಿಕೊಡುವ ವ್ಯವಸ್ಥೆ ಆಗಬೇಕು.

ಜಪ್ತಿ ಆದೇಶಕ್ಕೆ ಸಹಿ ಬೀಳುವ ಮೊದಲೇ ಈ ಪರಿಶೀಲನೆ ನಡೆಯಬೇಕೆಂದು ವಿನಂತಿ.

ಇಂತಿ,
ಅಸೂಟಿಯ ಜಾಮೀನುದಾರರು ಮತ್ತು ಗ್ರಾಮಸ್ಥರು
ತಾ. ರೋಣ, ಜಿ. ಗದಗ