ಖಳನ ಹೆಣ ಮಾತ್ರ ಏಕೆ ಸಿಗುವುದಿಲ್ಲ?

1988ರ ಸೆಪ್ಟೆಂಬರ್‌ನಲ್ಲಿ ಅಮೆರಿಕದ ಡಿ.ಸಿ. ಕಾಮಿಕ್ಸ್ ಸಂಸ್ಥೆ ತನ್ನ ಓದುಗರಿಗೆ ಎರಡು ಫೋನ್ ನಂಬರ್ ಕೊಟ್ಟಿತು. ಬ್ಯಾಟ್‌ಮ್ಯಾನ್‌ನ ಜೊತೆಗಾರ ಹುಡುಗ ರಾಬಿನ್, ಅಂದರೆ ಜೇಸನ್ ಟಾಡ್, ಬದುಕಬೇಕೇ ಸಾಯಬೇಕೇ? ಕರೆಯೊಂದಕ್ಕೆ 50 ಸೆಂಟ್. ಬದುಕಲಿ ಎಂದು ಬಂದ ಕರೆಗಳು 5,271, ಸಾಯಲಿ ಎಂದು 5,343. ಬರೇ 72 ಮತಗಳ ಅಂತರದಲ್ಲಿ ಹುಡುಗ ಸತ್ತ.

ಅವನನ್ನು ಕಬ್ಬಿಣದ ಸಲಾಕೆಯಿಂದ ಬಡಿದು, ಬಾಂಬಿಟ್ಟು ಕೊಂದವನು ಜೋಕರ್. ಈ ಜೋಕರ್ ಬದುಕಬೇಕೇ ಎಂದು ಮಾತ್ರ ಯಾರೂ ಓದುಗರನ್ನು ಕೇಳಲಿಲ್ಲ. ಕಥೆಯ ಕೊನೆಗೆ ಅವನಿದ್ದ ಹೆಲಿಕಾಪ್ಟರ್ ಸಮುದ್ರಕ್ಕೆ ಬೀಳುತ್ತದೆ. ಗೋಡೆಯಾಚೆಗೂ ನೋಡಬಲ್ಲ ಸೂಪರ್‌ಮ್ಯಾನ್ ಅದೇ ಕಥೆಯಲ್ಲಿದ್ದಾನೆ. ಆದರೂ ಹೆಣ ಸಿಗುವುದಿಲ್ಲ! ಹುಡುಗನ ಹೆಣ ಸಿಗುತ್ತದೆ, ಕೊಂದವನದ್ದು ಸಿಗುವುದಿಲ್ಲ.

ಇದನ್ನು ಅಭಿಮಾನಿಗಳು ಕಲೆ ಎನ್ನುತ್ತಾರೆ. ಅಂತ್ಯವನ್ನು ಓದುಗನ ಊಹೆಗೆ ಬಿಟ್ಟಿದ್ದಾರಂತೆ. ಊಹೆಗೆ ಬಿಡುವುದು ತಪ್ಪೆಂದು ನಾನು ಹೇಳುತ್ತಿಲ್ಲ. ಒಳ್ಳೆಯ ಕತೆಗಾರರು ಅದನ್ನು ಮಾಡಿದ್ದಾರೆ, ಮಾಡಲಿ. ಆದರೆ ಆ ರಿಯಾಯಿತಿ ಸದಾ ಖಳನ ಪಾಲಿಗೇ ಏಕೆ?

ಅದೇ ವರ್ಷ ಬಂದ ಅಲನ್ ಮೂರ್‌ರ 'ದಿ ಕಿಲ್ಲಿಂಗ್ ಜೋಕ್' ನೋಡಿ. ಪೊಲೀಸ್ ಕಮಿಷನರ್‌ನ ಮಗಳು ಬಾರ್ಬರಾಳಿಗೆ ಜೋಕರ್ ಗುಂಡಿಕ್ಕುತ್ತಾನೆ. ಕೊನೆಯ ಪುಟದಲ್ಲಿ ಮಳೆ. ಬ್ಯಾಟ್‌ಮ್ಯಾನ್ ಮತ್ತು ಜೋಕರ್ ಒಟ್ಟಿಗೆ ನಗುತ್ತಾರೆ, ನಗು ಥಟ್ಟನೆ ನಿಲ್ಲುತ್ತದೆ. ಬ್ಯಾಟ್‌ಮ್ಯಾನ್ ಅವನ ಕತ್ತು ಮುರಿದನೇ? ಹೌದು ಎಂದು 2013ರಲ್ಲಿ ಗ್ರಾಂಟ್ ಮಾರಿಸನ್ ವಾದಿಸಿದರು. ಮೂರ್ ಬರೆದ ಸ್ಕ್ರಿಪ್ಟ್‌ನಲ್ಲಿ ಅಂಥದ್ದೇನೂ ಇಲ್ಲ. ಜೋಕರ್‌ನ ಕತ್ತಿನ ಬಗ್ಗೆ ಇಷ್ಟೊಂದು ಚರ್ಚೆ. ಬಾರ್ಬರಾಳ ಬೆನ್ನುಮೂಳೆಯ ಬಗ್ಗೆ ಚರ್ಚೆಗೆ ಅವಕಾಶವೇ ಇರಲಿಲ್ಲ. 2011ರವರೆಗೂ ಆಕೆ ಗಾಲಿಕುರ್ಚಿಯಲ್ಲಿದ್ದಳು.

ಅಷ್ಟಕ್ಕೂ ಇದು ಹಳೆಯ ವ್ಯಾಪಾರ. 1940ರ ಮೊದಲ ಸಂಚಿಕೆಯಲ್ಲೇ ಜೋಕರ್ ಸಾಯಬೇಕಿತ್ತು. ಇಂಥ ಖಳನನ್ನು ಕಳಕೊಳ್ಳುವುದು ನಷ್ಟವೆಂದು ಸಂಪಾದಕರು ಕೊನೆಗೊಂದು ಚಿತ್ರ ಸೇರಿಸಿ ಅವನನ್ನು ಉಳಿಸಿಕೊಂಡರು. ಅಲ್ಲಿ ಕನಿಷ್ಠ ಕಲೆಯ ಸೋಗು ಇರಲಿಲ್ಲ.

ಇನ್ನೊಂದು ಮಾತು. ಜೇಸನ್ ಸತ್ತ ಕಥೆಯಲ್ಲಿ ಜೋಕರ್‌ನನ್ನು ವಿಶ್ವಸಂಸ್ಥೆಗೆ ರಾಯಭಾರಿಯಾಗಿ ಕಳಿಸುವುದು ಇರಾನ್! ನೇಮಕ ಮಾಡುವವರು ಸ್ವತಃ ಖೊಮೇನಿ. ಕೊಲೆಗಾರನಿಗೆ ರಕ್ಷಣೆ ಕೊಡುವ ದೇಶ ಯಾವುದೆಂದು ಹೇಳುವಾಗ ಮಾತ್ರ ಲೇಖಕರಿಗೆ ಯಾವ ಸಂದಿಗ್ಧವೂ ಇರಲಿಲ್ಲ. ಅದನ್ನು ಓದುಗನ ಊಹೆಗೆ ಬಿಡಲಿಲ್ಲ.

ಜೇಸನ್ ಮುಂದೆ ಮರಳಿ ಬಂದನಲ್ಲ ಎನ್ನಬಹುದು. ಬಂದ, 2005ರಲ್ಲಿ. ಬಂದವನು ಬ್ಯಾಟ್‌ಮ್ಯಾನ್‌ನನ್ನು ಕೇಳಿದ್ದು ಒಂದೇ ಪ್ರಶ್ನೆ: ನನ್ನನ್ನು ಕೊಂದವನು ಇನ್ನೂ ಏಕೆ ಬದುಕಿದ್ದಾನೆ? ಆ ಕಥೆ 2006ರಲ್ಲಿ ಒಂದು ಸ್ಫೋಟದೊಂದಿಗೆ ಮುಗಿಯಿತು. ಸ್ಫೋಟದ ನಂತರ ಜೋಕರ್ ಏನಾದನೆಂದು ಅಲ್ಲೂ ಹೇಳಲಿಲ್ಲ.