ಹೊರಗಿನ ಭಟ್ಟರು

ನಾನು ಸರ್ಕಾರಿ ಕಚೇರಿಯ ಕಾರಕೂನ. ದೇವರ ಮಂತ್ರಕ್ಕಿಂತ ನೇಮಕದ ಹುಕುಮೇ ನನಗೆ ಹೆಚ್ಚು ಪರಿಚಯ. ಆದುದರಿಂದ ಅರ್ಚಕರ ನೇಮಕದ ವ್ಯಾಜ್ಯಗಳೆಂದರೆ ನನಗೊಂದು ಕುತೂಹಲ.

ನೇಪಾಳದ ಪಶುಪತಿನಾಥನ ಪ್ರಧಾನ ಅರ್ಚಕರು ಬಹುಕಾಲದಿಂದ ದಕ್ಷಿಣದ ಭಟ್ಟರು. ಅವರಲ್ಲಿ ನಮ್ಮ ಕನ್ನಡಿಗರೂ ಉಂಟು. 2008ರ ಕೊನೆಗೆ ಅಲ್ಲಿನ ಮಾವೋವಾದಿ ನಾಯಕತ್ವದ ಸರ್ಕಾರ ಆ ಸ್ಥಾನಕ್ಕೆ ನೇಪಾಳಿಗಳನ್ನೇ ನೇಮಿಸಿತು. ನಮ್ಮ ದೇವರಿಗೆ ನಮ್ಮವರು ಸಾಲದೆ ಎಂಬ ಮಾತು ಪರವೂರಿನಲ್ಲಿರುವ ನಮಗೇನು ಹೊಸದೆ? ಆದರೆ ಗುಡಿಯ ನೇಪಾಳಿ ಭಂಡಾರಿಗಳೇ ಅದನ್ನು ವಿರೋಧಿಸಿದರು. ಸರ್ವೋಚ್ಚ ನ್ಯಾಯಾಲಯ ತಡೆ ಕೊಟ್ಟಿತು. 2009ರ ಜನವರಿಯಲ್ಲಿ ಸರ್ಕಾರ ಹಿಂದೆ ಸರಿಯಿತು. ಅದೇ ಸೆಪ್ಟೆಂಬರಿನಲ್ಲಿ ಕರ್ನಾಟಕದಿಂದ ಹೋದ ಇಬ್ಬರು ಭಟ್ಟರನ್ನು ಹೊಡೆದು ಜನಿವಾರ ಹರಿದರು. ಆದರೂ ಅವರು ಗುಡಿ ಬಿಟ್ಟು ಬರಲಿಲ್ಲ.

ಓದಿ ಹೆಮ್ಮೆಪಟ್ಟೆ. ಆದರೆ ವಾದಕ್ಕೆ ಇನ್ನೊಂದು ಮಗ್ಗುಲುಂಟು. ವಂಶದ ಹಕ್ಕನ್ನು ತೆಗೆದ ತಮಿಳುನಾಡಿನ ಕಾಯಿದೆಯನ್ನು ನಮ್ಮ ಸುಪ್ರೀಂ ಕೋರ್ಟು 1972ರಲ್ಲಿ ಶೇಷಮ್ಮಾಳ್ ಮೊಕದ್ದಮೆಯಲ್ಲಿ ಎತ್ತಿಹಿಡಿಯಿತು. ಅರ್ಚಕನ ನೇಮಕ ಲೌಕಿಕ ಕಾರ್ಯ, ಪೂಜೆ ಮಾತ್ರ ಆಗಮದಂತೆ ನಡೆಯಬೇಕು ಎಂದಿತು. 2002ರಲ್ಲಿ ಕೇರಳದ ಮೊಕದ್ದಮೆಯೊಂದರಲ್ಲಿ, ತರಬೇತಾದ ಬ್ರಾಹ್ಮಣೇತರನೂ ಪೂಜೆಗೆ ನಿಲ್ಲಬಹುದೆಂದಿತು.

ಎಂದಮೇಲೆ ಹುಟ್ಟಿದ ಊರೂ ಅರ್ಹತೆಯಲ್ಲ, ಹುಟ್ಟಿದ ಮನೆಯೂ ಅಲ್ಲ. ಕಲಿತ ವಿದ್ಯೆಯೇ ಅರ್ಹತೆ. ಕಾಠಮಾಂಡುವಿನಲ್ಲಿ ನಮ್ಮವರಿಗೆ ನಾವು ಬಯಸುವ ನ್ಯಾಯ ಇಲ್ಲಿಯೂ ಸಲ್ಲಬೇಕಷ್ಟೆ. ನಮ್ಮ ಸಂಘದ ಗಣಪತಿ ಪೂಜೆಗೆ ಬರುವ ಮರಾಠಿ ಭಟ್ಟರನ್ನು ಕಂಡು, “ಕನ್ನಡದವರು ಯಾರೂ ಸಿಗಲಿಲ್ಲವೆ?” ಎಂದು ಹೋದ ವರ್ಷ ಕೇಳಿದವನು ನಾನೇ. ಈ ವರ್ಷ ಕೇಳಲಾರೆ.