ಬಿಟ್ ಎಷ್ಟು ಅನ್ನೋದು ಬಿಡಿ, ಟೇಪ್ ಯಾವುದು ಅಂತ ಕೇಳಿ

ಮೈಲ್ಸ್ ಡೇವಿಸ್ ಅವರ ‘ಕೈಂಡ್ ಆಫ್ ಬ್ಲೂ’ 1959ರ ಜಾಝ್ ಆಲ್ಬಂ. ಎಲ್‌ಪಿ, ಕ್ಯಾಸೆಟ್, ಸಿಡಿ ಎಲ್ಲಾ ಆಗಿ ಈಗ 24 ಬಿಟ್, 192 ಕಿಲೋಹರ್ಟ್ಸ್‌ನ ‘ಹೈ-ರೆಸ್’ ಫೈಲ್ ಆಗಿಯೂ ಮಾರಾಟಕ್ಕಿದೆ. ಸಂಖ್ಯೆ ದೊಡ್ಡದಾದಷ್ಟೂ ಸಂಗೀತ ಚೆನ್ನ ಅನ್ನೋದು ಈ ಮಾರುಕಟ್ಟೆಯ ಮಂತ್ರ. ಹೌದಾ?

ಲೆಕ್ಕ ಹಾಕೋಣ. ಸಿಡಿಯಲ್ಲಿ ಸೆಕೆಂಡಿಗೆ 44,100 ಸ್ಯಾಂಪಲ್ ಇರುತ್ತೆ. ಅದರ ಅರ್ಧದವರೆಗಿನ, ಅಂದರೆ ಸುಮಾರು 22 ಕಿಲೋಹರ್ಟ್ಸ್‌ವರೆಗಿನ ಶಬ್ದವೆಲ್ಲ ಅದರಲ್ಲಿ ಹಿಡಿಸುತ್ತೆ. ನಮ್ಮ ಕಿವಿಯ ಮಿತಿಯೇ ಹೆಚ್ಚೆಂದರೆ 20. 2007ರಲ್ಲಿ ಮೇಯರ್ ಮತ್ತು ಮೊರಾನ್ ಎಂಬಿಬ್ಬರು ಹೈ-ರೆಸ್ ಧ್ವನಿಯನ್ನೂ, ಅದನ್ನೇ ಸಿಡಿ ಮಟ್ಟಕ್ಕಿಳಿಸಿದ ಧ್ವನಿಯನ್ನೂ ಕೇಳಿಸಿ 554 ಬಾರಿ ಪರೀಕ್ಷೆ ಮಾಡಿದರು. ಸರಿಯುತ್ತರ 276. ಟಾಸ್ ಹಾಕಿ ಹೇಳಿದ್ದರೂ ಅಷ್ಟೇ ಬರುತ್ತಿತ್ತು.

ಹಾಗಂತ ಹೈ-ರೆಸ್ ಬರೀ ಮೋಸವಲ್ಲ. ಆ ಡಿಸ್ಕ್‌ಗಳು ಮಾಮೂಲಿ ಸಿಡಿಗಿಂತ ಚೆನ್ನಾಗಿ ಕೇಳಿಸುತ್ತವೆ ಅಂತ ಅವರೇ ಬರೆದಿದ್ದಾರೆ. ಕಾರಣ ಬಿಟ್ ಅಲ್ಲ, ಮಾಸ್ಟರಿಂಗ್ ಮಾಡುವಾಗಿನ ಕಾಳಜಿ.

‘ಕೈಂಡ್ ಆಫ್ ಬ್ಲೂ’ವನ್ನೇ ನೋಡಿ. ರೆಕಾರ್ಡಿಂಗ್‌ನ ಮೊದಲ ದಿನ ಸ್ಟುಡಿಯೋದ ಮುಖ್ಯ ಯಂತ್ರ ಕೊಂಚ ನಿಧಾನ ಓಡಿತ್ತು. ಹಾಗಾಗಿ ಎಲ್‌ಪಿಯ ಮೊದಲ ಬದಿಯ ಮೂರೂ ಟ್ರ್ಯಾಕ್ ತುಸು ವೇಗವಾಗಿ, ಏರಿದ ಶ್ರುತಿಯಲ್ಲಿ ಕೇಳಿಸುತ್ತಿದ್ದವು. ಮೂರು ದಶಕ ಜಗತ್ತು ಕೇಳಿದ್ದು ಅದನ್ನೇ. 1990ರ ದಶಕದಲ್ಲಿ ಅದನ್ನು ತಿದ್ದಲು ಆಧಾರವಾದದ್ದು ಅದೇ ದಿನ ಇನ್ನೊಂದು ಯಂತ್ರದಲ್ಲಿ ಓಡಿದ್ದ ಬ್ಯಾಕಪ್ ಟೇಪ್. ತಪ್ಪು ಟೇಪನ್ನು 192 ಕಿಲೋಹರ್ಟ್ಸ್‌ಗೆ ಏರಿಸಿದರೆ ಸಿಗೋದು ಇನ್ನಷ್ಟು ನಿಖರವಾದ ತಪ್ಪು, ಅಷ್ಟೇ.

ಹಾಗಾದರೆ ಟೇಪ್ ಯಾರ ಕೈಲಿದೆ? ಅಸಲಿ ರಾಜಕೀಯ ಇರೋದು ಇಲ್ಲಿ. 2008ರ ಜೂನ್ 1ರಂದು ಹಾಲಿವುಡ್‌ನ ಯೂನಿವರ್ಸಲ್ ಸ್ಟುಡಿಯೋ ಆವರಣದಲ್ಲಿ ಬೆಂಕಿ ಬಿತ್ತು. ಜಾನ್ ಕೋಲ್ಟ್ರೇನ್ ಇಂಪಲ್ಸ್ ಲೇಬಲ್‌ಗೆ ನುಡಿಸಿದ ಬಹುಪಾಲು ಮಾಸ್ಟರ್ ಟೇಪ್‌ಗಳೂ ಅಲ್ಲಿ ಸುಟ್ಟುಹೋದವು ಎಂದು ನ್ಯೂಯಾರ್ಕ್ ಟೈಮ್ಸ್ ಮ್ಯಾಗಜೀನ್ ವರದಿ ಮಾಡಿದ್ದು 2019ರಲ್ಲಿ. ನಷ್ಟವನ್ನು ಉತ್ಪ್ರೇಕ್ಷಿಸಲಾಗಿದೆ ಅಂದಿತು ಯೂನಿವರ್ಸಲ್ ಮ್ಯೂಸಿಕ್. ಯಾರ ಮಾತು ಎಷ್ಟು ನಿಜವೋ, ಗೋದಾಮಿನಲ್ಲಿ ಏನಿತ್ತು, ಏನು ಹೋಯ್ತು ಅನ್ನೋದು ಜನರಿಗೆ ಗೊತ್ತಾಗಲು ಹನ್ನೊಂದು ವರ್ಷ ಬೇಕಾಯ್ತು.

‘ಕೈಂಡ್ ಆಫ್ ಬ್ಲೂ’ದಲ್ಲಿ ನುಡಿಸಿದವರಲ್ಲಿ ಕೊನೆಯವರಾಗಿ ಉಳಿದಿದ್ದ ಡ್ರಮ್ಮರ್ ಜಿಮ್ಮಿ ಕಾಬ್ 2020ರಲ್ಲಿ ತೀರಿಕೊಂಡರು. ಆದರೆ 2018ರ ಅಮೆರಿಕದ ಕಾನೂನಿನ ಪ್ರಕಾರ ಈ ರೆಕಾರ್ಡಿಂಗ್ ಮೇಲಿನ ಹಕ್ಕು 2067ರ ಫೆಬ್ರುವರಿವರೆಗೂ ಉಳಿಯುತ್ತೆ. ಇಷ್ಟು ಉದ್ದದ ಹಕ್ಕಿಗೆ ಒಂದಿಷ್ಟು ಜವಾಬ್ದಾರಿಯನ್ನೂ ಜೋಡಿಸಬೇಕಲ್ವಾ? ಯಾವ ಟೇಪಿನಿಂದ, ಯಾವಾಗ, ಯಾರು ಡಿಜಿಟಲ್ ಮಾಡಿದರು ಅನ್ನೋದನ್ನು ಪ್ರತಿ ಮರುಬಿಡುಗಡೆಯ ಮೇಲೂ ಬರೆಯಲಿ. ಒಂದು ಪ್ರತಿ ಸಾರ್ವಜನಿಕ ಸಂಗ್ರಹದಲ್ಲಿರಲಿ. ಹೈ-ರೆಸ್‌ಗೆ ನಾವು ಕೊಡುವ ಹೆಚ್ಚುವರಿ ದುಡ್ಡಿಗೆ ಅಷ್ಟಾದರೂ ಸಿಗಬೇಕು.